ಪಿಳ್ಳಪ್ಪನ ಮೈಕು

"ನಾನು ಕೈ ಎತ್ತಿದ ತಕ್ಷಣ ಮೈಕ್ ಆಫ್ ಆಗ್ಬೇಕು. ಒಂದ್ ಸೆಕೆಂಡೂ ತಡ ಆಗ್ಬಾರ್ದು," ಎಂದ ಕಾಂತರಾಜು.

ಸೌಂಡ್ ಸಿಸ್ಟಂನ ಮಂಜೇಶ್ ತಲೆ ಕೆರೆದುಕೊಂಡ. "ಕುಸ್ತಿ ನಡೀತಿರುವಾಗ್ಲೇನಾ ಅಣ್ಣಾ? ಪಿಳ್ಳಪ್ನೋರು ನನ್ನ ಸುಮ್ನೆ ಬಿಡ್ತಾರಾ?"

"ಅವ್ರನ್ನ ನಾನು ನೋಡ್ಕೋತೀನಿ. ನೀನು ಸ್ವಿಚ್ ನೋಡ್ಕೋ."

ದೊಡ್ಡಬಳ್ಳಾಪುರದ ಮೈದಾನ ಮಧ್ಯಾಹ್ನ ಮೂರಕ್ಕೇ ತುಂಬಿಹೋಗಿತ್ತು. ನಡುವೆ ಕೆಮ್ಮಣ್ಣಿನ ಅಖಾಡ. ಕುಸ್ತಿ ಸಮಿತಿಯ ಕಾರ್ಯದರ್ಶಿ ಕಾಂತರಾಜುವಿಗೆ ಇವತ್ತು ಬೇಕಾಗಿದ್ದದ್ದು ಒಂದೇ. ಕೊನೆಯ ಜೋಡಿಯಲ್ಲಿ ತನ್ನ ಅಣ್ಣನ ಮಗ ಜಯಕುಮಾರ್ ಗೆಲ್ಲಬೇಕು. ಗೆದ್ದವನು ದಸರಾ ಕುಸ್ತಿಗೆ ಹೋಗುತ್ತಾನೆ. ಎದುರಾಳಿ ಸಾಸಲಿನ ಮುನಿರಾಜ್, ಪಿಳ್ಳಪ್ಪನ ಶಿಷ್ಯ. ಈ ವರ್ಷ ಜಯಕುಮಾರ್ ಅವನ ಕೈಯಲ್ಲಿ ಎರಡು ಸಲ ಮಣ್ಣು ಮುಕ್ಕಿದ್ದ.

ಪಿಳ್ಳಪ್ಪ ಸಾಮಾನ್ಯ ಆಸಾಮಿಯಲ್ಲ. ಇಪ್ಪತ್ತು ವರ್ಷ ಕುಸ್ತಿಯಲ್ಲೇ ಹೊಟ್ಟೆ ಹೊರೆದವನು. ದಾವಣಗೆರೆ, ಬೆಳಗಾವಿ, ಕೊಲ್ಲಾಪುರ, ಎಲ್ಲಿ ಕರೆದರೆ ಅಲ್ಲಿಗೆ ಹೋಗಿ ಆಡಿ ಬಂದವನು. ಮಂಡಿ ಕೈಕೊಟ್ಟ ಮೇಲೆ ಬೆಳಿಗ್ಗೆ ಗರಡಿಯಲ್ಲಿ ಹುಡುಗರನ್ನು ಪಳಗಿಸುತ್ತಿದ್ದ, ಪಂದ್ಯದ ದಿನ ಮೈಕ್ ಹಿಡಿದು ಕುಸ್ತಿಯನ್ನು ಬಣ್ಣಿಸುತ್ತಿದ್ದ. ಅವನ ಹಳೇ ಕಥೆ, ಚಟಾಕಿಗಳನ್ನು ಕೇಳಲೆಂದೇ ಹೊಸಕೋಟೆಯಿಂದ ಜನ ಬರುತ್ತಿದ್ದರು.

ಅದೆಲ್ಲ ಹೋದ ವರ್ಷದವರೆಗೆ. ಆಗ ಒಂದು ಪಂದ್ಯದಲ್ಲಿ ಮುನಿರಾಜ್ ತಲೆಗೆ ಪೆಟ್ಟು ಬಿದ್ದು ಮೂರು ತಿಂಗಳು ಹಾಸಿಗೆ ಹಿಡಿದಿದ್ದ. ಎದ್ದು ಬಂದ ಮೇಲೆ ಅವನ ಕೊಬ್ಬೂ ಹೆಚ್ಚಿತ್ತು, ಪಿಳ್ಳಪ್ಪನ ಮಾತೂ ಹೆಚ್ಚಿತ್ತು. ಚಟಾಕಿ ಮಾಯವಾಗಿ ಬರೀ ಹೆಜ್ಜೆಯ ಲೆಕ್ಕ. ಅವನು ಎಡಕ್ಕೆ ಬಂದ, ಇವನು ಹಿಂದೆ ಸರಿದ, ಇಷ್ಟೇ. ಅದೂ ಮುನಿರಾಜ್ ಆಡುವಾಗ ಮಾತ್ರ. ಕಾಂತರಾಜು ಎರಡು ಪಂದ್ಯಗಳನ್ನು ಮೊಬೈಲಿನಲ್ಲಿ ಹಿಡಿದು ಮತ್ತೆ ಮತ್ತೆ ನೋಡಿದ್ದ. ಇಬ್ಬರೂ ಮೈಗೆ ಮೈ ಹತ್ತಿ ಸೆಣಸುವಾಗ ಪಿಳ್ಳಪ್ಪ ಆರಾಮಾಗಿ ನೀರು ಕುಡಿಯುತ್ತಾನೆ. ಹಿಡಿತ ಬಿಟ್ಟು ದೂರವಾದರೋ, ಅವನ ನಾಲಿಗೆಗೆ ಬೆಂಕಿ ಬೀಳುತ್ತದೆ. ಮೈಕಿನಲ್ಲೇ ಶಿಷ್ಯನಿಗೆ ಪಟ್ಟು ಹೇಳಿಕೊಡುವುದು ಅಪ್ಪಟ ಮೋಸ. ಸಾಬೀತಾದರೆ ಗುರು ಶಿಷ್ಯ ಇಬ್ಬರಿಗೂ ಜೀವಮಾನದ ನಿಷೇಧ.

ಕೊನೆಯ ಜೋಡಿಗೆ ಮುಂಚೆ ಕಾಂತರಾಜು ವೇದಿಕೆ ಹತ್ತಿ ಪಿಳ್ಳಪ್ಪನ ಪಕ್ಕ ಕೂತ. "ಇದೊಂದಕ್ಕೆ ಮೈಕ್ ಬೇರೆಯವ್ರಿಗೆ ಕೊಡೋಣ ಅಂತಿದೀನಿ."

ಪಿಳ್ಳಪ್ಪನ ಮುಖ ಬಿಳಿಚಿಕೊಂಡಿತು. "ಬ್ಯಾಡ ಕಾಂತರಾಜಣ್ಣ. ನನ್ ದನಿ ಕೇಳದಿದ್ರೆ ಹುಡುಗ ಹೆದರ್ತಾನೆ."

"ಹೆದರ್ತಾನೋ, ಸೋಲ್ತಾನೋ?"

"ಇದೊಂದು ಆಗ್ಲಿ. ದಸರಾಗೆ ಹೋಗ್ಬೇಕು ಅಂತ ಜೀವ ಇಟ್ಕೊಂಡವ್ನೆ. ಆಮೇಲೆ ಅವ್ನೂ ಮಣ್ಣು ಮುಟ್ಟಲ್ಲ, ನಾನೂ ಮೈಕ್ ಮುಟ್ಟಲ್ಲ. ನಮ್ಮಪ್ಪನಾಣೆ."

ತಪ್ಪೊಪ್ಪಿಗೆ ಇನ್ನು ಹೇಗಿರಬೇಕು? ಕಾಂತರಾಜು ಒಳಗೊಳಗೇ ಹಿಗ್ಗಿದ. "ಆಯ್ತು ಬಿಡಿ, ನೀವೇ ಮಾತಾಡಿ," ಎಂದು ಬೆನ್ನು ತಟ್ಟಿ ಇಳಿದ.

ಗುರು ಶಿಷ್ಯನನ್ನು ಕೈಹಿಡಿದು ಕರೆತರುವುದು ಇಲ್ಲಿಯ ಪದ್ಧತಿ. ಬೇರೆ ಗುರುಗಳು ಅಖಾಡದ ಅಂಚಿನಲ್ಲೇ ಕೈಬಿಡುತ್ತಾರೆ. ಪಿಳ್ಳಪ್ಪ ಹಾಗಲ್ಲ. ಕುಂಟುತ್ತಲೇ ನಡುವಿನವರೆಗೂ ಬಂದು, ಮುನಿರಾಜನ ಕೈಯನ್ನು ಜಯಕುಮಾರನ ಕೈಯೊಳಗಿಟ್ಟು ಹಿಂದಿರುಗಿದ.

"ಧಾರೆ ಎರೆದು ಕೊಡ್ತಾವ್ರೆ ನೋಡ್ರಲಾ!" ಎಂದು ಯಾರೋ ಕೂಗಿದರು. ಮೈದಾನವೆಲ್ಲ ನಕ್ಕಿತು. ಶುಭ ಕೋರಲು ಕಾಂತರಾಜು ನಾಲ್ಕು ಜನರ ಮುಂದೆ ಕೈ ಚಾಚಿದ. ಮುನಿರಾಜ್ ಆ ಕೈ ಹಿಡಿಯಲಿಲ್ಲ, ಇತ್ತ ನೋಡಲೂ ಇಲ್ಲ. ಚಾಚಿದ ಕೈಯನ್ನು ಕಾಂತರಾಜು ಜೇಬಿಗೆ ತುರುಕಿಕೊಂಡ. ಮೈಯೆಲ್ಲ ಉರಿಯಿತು. ಇವತ್ತು ಇವನ ಸೊಕ್ಕು ಮುರಿಯದಿದ್ದರೆ ನಾನು ಕಾರ್ಯದರ್ಶಿಯೇ ಅಲ್ಲ ಅಂದುಕೊಂಡ.

ಕುಸ್ತಿ ಶುರುವಾಯಿತು. ಕೈಗೆ ಕೈ, ಭುಜಕ್ಕೆ ಭುಜ. ಮುನಿರಾಜ್ ಹಿಡಿದರೆ ಉಡ. ಹತ್ತು ನಿಮಿಷದಲ್ಲಿ ಜಯಕುಮಾರ್ ಎರಡು ಸಲ ಚಿತ್ ಆಗುವುದರಿಂದ ಕೂದಲೆಳೆಯಲ್ಲಿ ಪಾರಾದ. ಮೂರನೆಯ ಸಲ ಹೇಗೋ ಜಾರಿಕೊಂಡು, ಹಿಡಿತ ಬಿಡಿಸಿಕೊಂಡು, ಹಿಂದಕ್ಕೆ ಓಡಿದ.

ಪಿಳ್ಳಪ್ಪ ನೀರಿನ ಬಾಟಲಿ ಬಿಸಾಕಿ ಮೈಕಿಗೆ ಬಾಯಿ ಹಚ್ಚಿದ. "ಜಯಕುಮಾರ್ ಮೂರು ಹೆಜ್ಜೆ ಹಿಂದೆ ಹೋಗಿದ್ದಾನೆ... ಬಲಕ್ಕೆ ಸುತ್ತುತ್ತಿದ್ದಾನೆ... ಇನ್ನೂ ಬಲಕ್ಕೆ... ತಲೆ ತಗ್ಗಿಸಿದ..."

ಕಾಂತರಾಜು ಕೈ ಎತ್ತಿದ.

ಮೈಕ್ ಸತ್ತಿತು. ಜನರ ಗದ್ದಲ ಮಾತ್ರ ಉಳಿಯಿತು. ಪಿಳ್ಳಪ್ಪ ಮೈಕನ್ನು ಕುಟ್ಟಿದ, ಕುತ್ತಿಗೆಯ ನರ ಉಬ್ಬಿಸಿ ಏನೋ ಅರಚಿದ. ಆ ಗಲಾಟೆಯಲ್ಲಿ ಯಾರಿಗೂ ಕೇಳಲಿಲ್ಲ. ಮರುಕ್ಷಣ ಮೈಕ್ ಎಸೆದು, ಹಾಳಾದ ಮಂಡಿಯಲ್ಲೇ ವೇದಿಕೆಯಿಂದ ಧುಮುಕಿದ. ಕಳ್ಳ ಸಿಕ್ಕಿಬಿದ್ದ ಎಂದು ಕಾಂತರಾಜು ಮೀಸೆಯಡಿ ನಕ್ಕ.

ಅಖಾಡದಲ್ಲಿ ಮುನಿರಾಜ್ ನಿಂತುಬಿಟ್ಟಿದ್ದ. ಜಯಕುಮಾರನಿಗೆ ಬೆನ್ನು ಹಾಕಿ, ಜನರ ಕಡೆ ಮುಖ ಮಾಡಿ, ಎರಡೂ ಕೈ ಮುಂದೆ ಚಾಚಿ ನಿಂತಿದ್ದ. ಎದುರಾಳಿಯನ್ನು ಇಷ್ಟು ಹಗುರ ಮಾಡುವುದೇ! ಕಾಂತರಾಜುವಿನ ರಕ್ತ ಕುದಿಯಿತು. "ಎತ್ತಿ ಕುಕ್ಕೋ ಜಯಾ! ತಲೆ ಕೆಳಗೆ ಮಾಡಿ ಕುಕ್ಕು!" ಎಂದು ಕಿರುಚಿದ. ಜಯಕುಮಾರ್ ಹಿಂದಿನಿಂದ ನುಗ್ಗಿ, ಮುನಿರಾಜನ ಸೊಂಟಕ್ಕೆ ಕೈ ಹಾಕಿ ಮೇಲಕ್ಕೆತ್ತಿದ.

ಅಷ್ಟರಲ್ಲಿ ತೆವಳುತ್ತಲೇ ಬಂದ ಪಿಳ್ಳಪ್ಪ ಕಾಂತರಾಜುವಿನ ಕಾಲು ಹಿಡಿದು ಜಗ್ಗಿದ. "ಮೈಕ್ ಹಾಕ್ಸೋ ಪಾಪಿ! ಅವ್ನಿಗೆ ಕಣ್ಣು ಕಾಣಲ್ಲ ಕಣೋ!"