ಎದೆಯ ಮೇಲಿನ ಪುಟ್ಟ ಬಾವುಟ

ಯೂಲೆಸ್ ಊರು ದಾಟುವ ಮುನ್ನವೇ ಕಾರಿನ ಪೆಟ್ರೋಲ್ ಮುಳ್ಳು ಕೆಂಪು ಗೆರೆಗೆ ಇಳಿದಿದ್ದನ್ನು ಇಂದುಮತಿ ನೋಡಿದಳು. ಭಾನುವಾರ ಟ್ಯಾಂಕ್ ತುಂಬಿಸಿಡುವುದು ಗಂಡ ಮೋಹನರಾಜನ ಕೆಲಸ. ಹೋದ ತಿಂಗಳು ನ್ಯೂಯಾರ್ಕಿನ ಗೋಪುರಗಳು ಬಿದ್ದ ಮೇಲೆ, ಅವಳು ಒಬ್ಬಳೇ ಗ್ಯಾಸ್ ಸ್ಟೇಷನ್ನಿನಲ್ಲಿ ಇಳಿಯುವುದು ಬೇಡವೆಂದು ಅವನೇ ಮಾಡಿದ್ದ ಏರ್ಪಾಡು ಅದು. ಈ ಭಾನುವಾರ ಮರೆತಿದ್ದ.

"ನಿಲ್ಲಿಸಲೇಬೇಕಾ ಅಕ್ಕ?" ಪಕ್ಕದಲ್ಲಿ ಕೂತಿದ್ದ ಮೆಹರ್ ಕೇಳಿದಳು. ಮೈಸೂರಿನ ಮಂಡಿ ಮೊಹಲ್ಲಾದ ಹುಡುಗಿ. ಆರ್ಲಿಂಗ್ಟನ್ನಿನ ಯೂನಿವರ್ಸಿಟಿಯಲ್ಲಿ ಇಂದುಮತಿಯ ಜೊತೆ ಓದುತ್ತಿದ್ದಳು. ಡ್ರೈವಿಂಗ್ ಬಾರದು, ಹೋಗುವುದು ಬರುವುದು ಇವಳ ಕಾರಿನಲ್ಲೇ, ವಾರಕ್ಕೆರಡು ಸಲವಾದರೂ ಊಟ ಇವಳ ಮನೆಯಲ್ಲೇ. ತಲೆಗೆ ಕಟ್ಟಿದ್ದ ಬೂದು ಬಣ್ಣದ ಸ್ಕಾರ್ಫಿನ ಅಂಚನ್ನು ಬೆರಳಿಗೆ ಸುತ್ತಿ ಬಿಚ್ಚುತ್ತಿದ್ದಳು.

"ಇಲ್ದಿದ್ರೆ ಹೈವೇ ಮಧ್ಯ ನಿಂತೋಗತ್ತೆ. ಅದಕ್ಕಿಂತ ಇದೇ ವಾಸಿ."

"ಸರಿ. ಅಂದ ಹಾಗೆ ಇವತ್ತೇನು ಬೊಟ್ಟು ಇಷ್ಟು ದೊಡ್ಡದು? ಸೆಮಿನಾರಿಗೆ ಹೋಗ್ತಿದ್ದೀರೋ, ಮದುವೆಗೋ?"

"ನಮ್ಮೋರು ಇಟ್ಕೋ ಅಂದ್ರು," ಎಂದಳು ಇಂದುಮತಿ. ಮದುವೆ ಮುಂಜಿಗೆ ಬಿಟ್ಟರೆ ವರ್ಷಗಳಿಂದ ಬೊಟ್ಟಿಡದವಳು ಅವಳು. ಮೋಹನರಾಜ ಹೇಳಿದ್ದ ಉಳಿದ ಮಾತನ್ನು ನುಂಗಿಕೊಂಡಳು.

ಮೆಹರ್ ತೊಡೆಯ ಮೇಲಿದ್ದ ಹಾಳೆಗಳನ್ನು ತಿರುವಿದಳು. ಮಧ್ಯಾಹ್ನ ಇಂದುಮತಿ ಓದಬೇಕಿದ್ದ ಪ್ರಬಂಧ. ಹಿಟ್ಲರ್ ಅಧಿಕಾರಕ್ಕೆ ಬಂದ ಹೊಸತರಲ್ಲಿ ಬರ್ಲಿನ್ನಿನಲ್ಲಿದ್ದ ಪರದೇಶದ ಲೇಖಕರು ಕಣ್ಣೆದುರಿನ ಫ್ಯಾಸಿಸಮ್ಮನ್ನು ಹೇಗೆ ಕಂಡರು, ಏನು ಬರೆದರು ಎಂಬುದೇ ವಿಷಯ. ಕೆಲವರು ರಸ್ತೆಗಳು ಎಷ್ಟು ಚೊಕ್ಕಟ ಎಂದು ಬರೆದರು. ಕೆಲವರು ಕಂಡದ್ದನ್ನೇ ಬರೆದು ಗಡೀಪಾರಾದರು. ಇಂದುಮತಿಗೆ ಸಿಟ್ಟಿದ್ದದ್ದು ಒಬ್ಬ ಇಂಗ್ಲಿಷ್ ಲೇಖಕಿಯ ಮೇಲೆ. ಕೈಯೆತ್ತಿ ಸೆಲ್ಯೂಟ್ ಮಾಡದವರನ್ನು ಬೀದಿಯಲ್ಲೇ ಬಡಿಯುತ್ತಿದ್ದ ದಿನಗಳಲ್ಲಿ ಆಕೆ ಕೋಟಿನ ಎದೆಗೆ ತನ್ನ ದೇಶದ ಪುಟ್ಟ ಬಾವುಟ ಚುಚ್ಚಿಕೊಂಡು ಓಡಾಡಿದ್ದಳು. ಹಿಟ್ಲರನ ಪಡೆಯ ಕಂದು ಅಂಗಿಯವರು ಅದನ್ನು ನೋಡಿ ನಕ್ಕು ದಾರಿ ಬಿಟ್ಟರೆಂದು ಆಕೆಯೇ ಬರೆದಿದ್ದಳು.

"'ನನ್ನನ್ನು ಬಿಡಿ, ಪಕ್ಕದವರನ್ನು ಹೊಡೆಯಿರಿ ಎಂದು ಹೇಳುವ ಬಾವುಟ ಅದು. ಈಕೆ ಹೇಡಿ,'" ಮೆಹರ್ ಓದಿದಳು. "ಹೇಡಿ ಅನ್ನೋದು ಜಾಸ್ತಿಯಾಯ್ತೇನೋ ಅಕ್ಕ. ಪಾಪ, ಭಯ ಆಗಿರತ್ತೆ."

"ಭಯ ಎಲ್ಲಾರ್ಗೂ ಆಗತ್ತೆ ಕಣೆ. ಬರೆಯೋಳು ಅವಳು."

ಗ್ಯಾಸ್ ಸ್ಟೇಷನ್ನಿನಲ್ಲಿ ಹೆಚ್ಚು ಜನರಿರಲಿಲ್ಲ. ಇಂದುಮತಿ ಇಳಿದು ಕಾರ್ಡ್ ಉಜ್ಜಿ ಪಂಪಿನ ಮೂತಿಯನ್ನು ಟ್ಯಾಂಕಿಗೆ ಸಿಕ್ಕಿಸಿದಳು. ಬಿಸಿಲಿತ್ತು, ಮೆಹರ್ ಕಿಟಕಿ ಇಳಿಸಿಕೊಂಡು ಕೂತಿದ್ದಳು. ಹೋದ ವಾರವಷ್ಟೇ ಡಲ್ಲಾಸಿನ ಆಚೆ, ಇಂಥದ್ದೇ ಒಂದು ಜಾಗದಲ್ಲಿ, ಗಲ್ಲಾಪೆಟ್ಟಿಗೆಯ ಹಿಂದೆ ನಿಂತಿದ್ದ ಗುಜರಾತಿಯವನನ್ನು ಒಬ್ಬ ಗುಂಡಿಟ್ಟು ಕೊಂದಿದ್ದ. ಅದನ್ನು ನೆನೆಯಬಾರದೆಂದುಕೊಂಡೇ ನೆನೆದಳು.

ಪಕ್ಕದಲ್ಲಿ ಪಿಕಪ್ ಟ್ರಕ್ಕೊಂದು ಬಂದು ನಿಂತಿತು. ಇಳಿದವನು ಅವಳ ತಂದೆಯ ವಯಸ್ಸಿನವನು, ತಲೆಗೆ ಅಗಲ ಅಂಚಿನ ಟೋಪಿ. ತನ್ನ ಪಂಪಿನ ಕಡೆ ಹೋಗದೆ ಕಾರನ್ನೇ ನೋಡುತ್ತ ನಿಂತ.

"ಯಾವ ದೇಶ ಮ್ಯಾಮ್ ನಿಮ್ಮದು?" ಎಂದು ಇಂಗ್ಲಿಷಿನಲ್ಲಿ ಕೇಳಿದ. ದನಿ ಮೆತ್ತಗಿತ್ತು. ಗದರಿದ್ದರೆ ಅವಳಿಗೆ ಅಷ್ಟು ಹೆದರಿಕೆಯಾಗುತ್ತಿರಲಿಲ್ಲ.

"ಇಂಡಿಯಾ."

ಅವನು ಕದಲಲಿಲ್ಲ. ಇಂದುಮತಿಯ ಬೆರಳು ತಾನಾಗಿ ಹಣೆಗೆ ಹೋಯಿತು. "ಹಿಂದೂ," ಎಂದಳು. "ನಾನು ಹಿಂದೂ."

ಅವನು ಬೊಟ್ಟನ್ನು ನೋಡಿದ. ಗದ್ದದಿಂದ ಕಾರಿನತ್ತ ತೋರಿಸಿ, "ಅವಳು?" ಎಂದ.

ಪಂಪು ಒಳಗೊಳಗೇ ಗುರುಗುಟ್ಟುತ್ತಿತ್ತು. ನನ್ನ ತಂಗಿ ಎನ್ನಬಹುದಿತ್ತು. ನಿನಗ್ಯಾಕೆ ಎನ್ನಬಹುದಿತ್ತು. ಏನೂ ಹೇಳದೆಯೂ ಇರಬಹುದಿತ್ತು.

"ಅವಳು ನಮ್ಮವಳಲ್ಲ," ಎಂದಳು ಇಂದುಮತಿ. "ಅಷ್ಟಾಗಿ ಪರಿಚಯವಿಲ್ಲ. ಸುಮ್ಮನೆ ರೈಡ್ ಕೊಡ್ತಿದ್ದೀನಿ."

"ಹುಷಾರಾಗಿರಿ, ಮ್ಯಾಮ್," ಎಂದು ಟೋಪಿ ಮುಟ್ಟಿಕೊಂಡು ಅವನು ಟ್ರಕ್ಕಿನತ್ತ ನಡೆದ.

ಟ್ಯಾಂಕ್ ತುಂಬುವವರೆಗೂ ಅವಳು ಕಾಯಲಿಲ್ಲ. ಪಂಪಿನ ಮೂತಿಯನ್ನು ತೆಗೆದಿಟ್ಟು, ಕಾರಿನೊಳಗೆ ಕೂತು ಬಾಗಿಲು ಲಾಕ್ ಮಾಡಿದಳು. ಮೆಹರ್ ಕಿಟಕಿ ಏರಿಸಿದ್ದಳು. ಸ್ಕಾರ್ಫ್ ಬಿಚ್ಚಿ ಮಡಿಸಿ ತೊಡೆಯ ಮೇಲಿಟ್ಟುಕೊಂಡಿದ್ದಳು. ಇಷ್ಟು ದಿನದ ಒಡನಾಟದಲ್ಲಿ ಅವಳ ಕೂದಲನ್ನು ಇಂದುಮತಿ ನೋಡಿದ್ದು ಅದೇ ಮೊದಲು. ಗುಂಗುರು, ಚಿಕ್ಕ ಮಕ್ಕಳ ಕೂದಲಿನಂತೆ ಕಿವಿಯ ಹತ್ತಿರ ಸುರುಳಿಯಾಗಿತ್ತು.

"ಮೆಹರ್, ನಾನು..."

"ಹೊರಡಿ ಅಕ್ಕ, ಲೇಟಾಗತ್ತೆ." ಹುಡುಗಿಯ ದನಿಯಲ್ಲಿ ಸಿಟ್ಟೇ ಇರಲಿಲ್ಲ. ಹಾಳೆಗಳನ್ನು ಜೋಡಿಸಿ ಇವಳ ಬ್ಯಾಗಿನೊಳಗೆ ಇಟ್ಟಳು. "ಆ ಇಂಗ್ಲಿಷ್ ಹೆಂಗಸು ತಾನು ಮಾಡಿದ್ದನ್ನ ಬರೆದಾದ್ರೂ ಇಟ್ಟಳಲ್ಲ. ಓದೋವಾಗ ಆ ಹೇಡಿ ಅನ್ನೋ ಒಂದು ಸಾಲು ಬಿಟ್ಬಿಡಿ."

ಕಾರು ಹೈವೇ ಸೇರಿತು. ಇಂದುಮತಿಗೆ ಹಣೆ ಉರಿಯುತ್ತಿರುವಂತೆ ಅನ್ನಿಸಿತು. ಬೊಟ್ಟನ್ನು ಕಿತ್ತು ಹೊರಗೆಸೆಯಬೇಕೆಂದು ಕೈಯೆತ್ತಿದಳು. ಉಗುರು ಅದರ ಅಂಚಿಗೆ ತಾಗಿತು. ಆಗ ಕನ್ನಡಿಯಲ್ಲಿ ಆ ಪಿಕಪ್ ಕಾಣಿಸಿತು. ಅದೂ ಇದೇ ದಾರಿ ಹಿಡಿದಿತ್ತು, ಹತ್ತಿರವೂ ಬರದೆ, ಹಿಂದೆಯೂ ಉಳಿಯದೆ.

ಅವಳು ಹೆಬ್ಬೆರಳಿನಿಂದ ಬೊಟ್ಟನ್ನು ಇನ್ನಷ್ಟು ಗಟ್ಟಿಯಾಗಿ ಒತ್ತಿಕೊಂಡಳು.