ಸೀಸೆಯ ಮೇಲಿನ ಅಜ್ಜಿ

ಸಾಸ್ ಕಂಪನಿಯ ಮ್ಯಾನೇಜರ್ ಎರಡನೇ ಸಲ ಅಡುಗೆಮನೆಗೆ ನುಗ್ಗಿದ. ಕೈಯಲ್ಲಿ ಕರಿದ ಮೀನಿಗೆ ನಂಚಿಕೊಳ್ಳುವ ಟಾರ್ಟರ್ ಸಾಸ್ ತುಂಬಿದ ಗಾಜಿನ ಬಟ್ಟಲು, ಅದರ ಮೇಲೆ ಕರವಸ್ತ್ರ.

“ಇದನ್ನ ಹಿಡ್ಕೊಂಡು ಹಿತ್ತಿಲ ಬಾಗಿಲ ಹಿಂದೆ ನಿಂತಿರ್ತೀನಿ. ನೀವು ಟೀವಿಯವರ ಮುಂದೆ ಸುಮ್ನೆ ಎರಡು ಸಲ ಕೈಯಾಡಿಸಿ, ಆಮೇಲೆ ಬಟ್ಟಲು ಬದಲಾಯಿಸೋಣ. ನೀವು ನಕ್ಕರೆ ಸಾಕು ಅಜ್ಜಿ. ಹನ್ನೆರಡು ವರ್ಷದಿಂದ ಅದನ್ನೇ ತಾನೆ ಮಾಡ್ಕೊಂಡು ಬಂದಿರೋದು?”

“ನನ್ನ ಮನೇಲಿ ನಿಂತು ನಿಮ್ಮ ಬಟ್ಟಲು ತೋರಿಸ್ಲಾ?” ಅಜ್ಜಿ ತೋಳು ಮಡಚಿದಳು. “ಆಗಲ್ಲ ಹೋಗಪ್ಪ.”

ಅಜ್ಜಿಯನ್ನು ಗುರುತಿಸದವರು ಊರಲ್ಲೇ ಇರಲಿಲ್ಲ. ಪ್ರತಿ ಅಂಗಡಿಯ ಕಪಾಟಿನಲ್ಲಿ, ಕರಿದ ಮೀನು ಮಾರುವ ಪ್ರತಿ ಹೋಟೆಲಿನ ಮೇಜಿನ ಮೇಲೆ, ಸಾಸ್ ಸೀಸೆಗೆ ಅಂಟಿಕೊಂಡು ಅವಳ ಮುಖವಿತ್ತು. ಬೆಳ್ಳಗಿನ ಕೂದಲು, ಕೆನ್ನೆಯಲ್ಲಿ ಗುಳಿ, ಕೆಳಗೆ ‘ಅಜ್ಜಿಯ ನಲವತ್ತು ವರ್ಷಗಳ ಕೈರುಚಿ’ ಎಂಬ ಸಾಲು. ಬಸ್ಸಿನಲ್ಲಿ ಗುರುತಿಲ್ಲದವರು ಎದ್ದು ಸೀಟು ಬಿಡುತ್ತಿದ್ದರು. ಬೇಡ ಎನ್ನುವಷ್ಟು ಸಂಕೋಚ ಅಜ್ಜಿಗೂ ಇರಲಿಲ್ಲ.

ಹೋದ ಸೋಮವಾರ ಎಲ್ಲ ಕೆಟ್ಟಿತು. ಔಷಧಿ ಅಂಗಡಿಯ ಮುಂದೆ ಒಬ್ಬ ಹೆಂಗಸು ಅಡ್ಡ ನಿಂತು, ಅಜ್ಜಿಯ ಎರಡೂ ಕೈ ಹಿಡಿದುಕೊಂಡು ಅತ್ತುಬಿಟ್ಟಳು. “ನಮ್ಮಮ್ಮ ಕಡೇ ದಿನಗಳಲ್ಲಿ ಏನೂ ತಿಂತಿರ್ಲಿಲ್ಲ. ನಿಮ್ಮ ಸಾಸ್ ಇದ್ರೆ ಮಾತ್ರ ಎರಡು ತುತ್ತು ಒಳಗೆ ಹೋಗ್ತಿತ್ತು. ಈ ಕೈ ನೂರು ವರ್ಷ ಚೆನ್ನಾಗಿರ್ಲಿ ಅಜ್ಜಿ.”

ಮನೆಗೆ ಬಂದ ಅಜ್ಜಿ ಊಟ ಮಾಡಲಿಲ್ಲ. ಕೈಗಳನ್ನು ತೊಡೆಯ ಮೇಲಿಟ್ಟುಕೊಂಡು ಸುಮ್ಮನೆ ನೋಡುತ್ತ ಕೂತಳು. ಮರುದಿನ ಬೆಳಿಗ್ಗೆ ಎರಡು ಡಜನ್ ಮೊಟ್ಟೆ ತರಿಸಿದಳು.

ಅಲ್ಲಿಂದ ಮನೆಯವರ ಪಾಡು ಯಾರಿಗೂ ಬೇಡ. ಹಳದಿಯೆಲ್ಲ ಸಾಸಿಗೆ, ಬಿಳಿಯೆಲ್ಲ ಮನೆಯವರ ತಟ್ಟೆಗೆ. “ಅತ್ತೆ, ಇನ್ನೆರಡು ದಿನ ಹೀಗೇ ಆದ್ರೆ ನಾನೇ ಮೊಟ್ಟೆ ಇಡ್ತೀನಿ” ಎಂದು ಅಳಿಯ ಗೋಳಾಡಿದ. ಅಜ್ಜಿ ನಗಲಿಲ್ಲ. ಟೀವಿ ವಾಹಿನಿಗೆ ತಾನೇ ಫೋನ್ ಮಾಡಿ, ನಿಮ್ಮ ಕಣ್ಣೆದುರೇ ಮಾಡಿ ತೋರಿಸ್ತೀನಿ ಬನ್ನಿ ಎಂದಳು. ಅದೂ ನೇರ ಪ್ರಸಾರ. ಸುದ್ದಿ ತಿಳಿದ ಮ್ಯಾನೇಜರ್ ಬಿದ್ದಂಬೀಳ ಓಡಿ ಬಂದಿದ್ದ.

“ಸಾಸ್ ಒಡೆದ್ರೆ ಇಡೀ ಊರು ನೋಡಿ ನಗುತ್ತೆ,” ಅವನೀಗ ದನಿ ತಗ್ಗಿಸಿದ. “ನಾಳೆನೇ ನಿಮ್ಮ ಮುಖ ಸೀಸೆಯಿಂದ ತೆಗೀತೀವಿ. ಅಜ್ಜಿಯರಿಗೇನು ಬರಗಾಲವಾ?”

“ತೆಗೀರಿ. ಇವತ್ತು ಈ ಕೈಯಲ್ಲೇ ಮಾಡೋದು.”

ಮಗಳು ಹತ್ತಿರ ಬಂದಳು. “ಅಮ್ಮಾ, ಇನ್ನೂ ಕಾಲ ಮಿಂಚಿಲ್ಲ. ಬೇಡ ಅಂದ್ರೆ ಟೀವಿಯವರನ್ನ ಈಗ್ಲೂ ವಾಪಸ್ ಕಳಿಸಬಹುದು.”

“ಮಿಂಚಿ ಹನ್ನೆರಡು ವರ್ಷ ಆಯ್ತು ಕಣೇ.” ಕಪಾಟಿನ ಬಾಗಿಲ ಒಳಬದಿಗೆ ಅಂಟಿಸಿದ್ದ ಅಳತೆಯ ಚೀಟಿಯನ್ನು ಅಜ್ಜಿ ಕಿತ್ತು ಮಗಳ ಕೈಗಿಟ್ಟಳು.

“ಅಳತೆ ಮರೆತುಹೋದ್ರೆ?”

“ಮರೆಯಲ್ಲ.”

ದೀಪಗಳು ಹೊತ್ತಿಕೊಂಡವು. ನಿರೂಪಕಿ ಮೈಕು ಹಿಡಿದು ನಕ್ಕಳು. ಅಜ್ಜಿ ಎರಡು ಮೊಟ್ಟೆಯ ಹಳದಿ ಬೇರ್ಪಡಿಸಿದಳು. ಒಂದು ಚಮಚ ಸಾಸಿವೆ ಪೇಸ್ಟು, ಚಿಟಿಕೆ ಉಪ್ಪು, ನಿಂಬೆರಸ ಹಾಕಿದಳು. ಒಂದು ಕೈ ಕಡೆಯುತ್ತಿತ್ತು, ಇನ್ನೊಂದು ಕೈ ಎಣ್ಣೆಯನ್ನು ಹನಿ ಹನಿಯಾಗಿ ಬಿಡುತ್ತಿತ್ತು. ಹಳದಿ ನಿಧಾನಕ್ಕೆ ಕೆನೆಯಾಗತೊಡಗಿತು.

“ನೋಡಿ ವೀಕ್ಷಕರೇ, ಎಂಥಾ ಕೈಚಳಕ!” ಎನ್ನುತ್ತ ನಿರೂಪಕಿ ಅಜ್ಜಿಯ ಭುಜ ತಟ್ಟಿದಳು.

ಎಣ್ಣೆ ಬಳಕ್ಕನೆ ಸುರಿಯಿತು. ಕೆನೆ ಕ್ಷಣದಲ್ಲಿ ಒಡೆಯಿತು. ಎಣ್ಣೆ ಒಂದು ಕಡೆ, ಹಳದಿಯ ತರಿ ಒಂದು ಕಡೆ. ಮಗಳು ಬಾಯಿಗೆ ಕೈ ಅಡ್ಡ ಹಿಡಿದಳು. ಹಿತ್ತಿಲ ಬಾಗಿಲ ಸಂದಿಯಲ್ಲಿ ಮ್ಯಾನೇಜರ್ ಕರವಸ್ತ್ರ ಸರಿಸಿ, ಬಟ್ಟಲನ್ನು ಮುಂದಕ್ಕೆ ಚಾಚಿದ. ಕೈ ಚಾಚಿದರೆ ಸಿಗುವಷ್ಟು ಹತ್ತಿರವಿತ್ತು.

ಅಜ್ಜಿ ಹಿಮ್ಮಡಿಯಿಂದ ಬಾಗಿಲನ್ನು ದೂಡಿ ಮುಚ್ಚಿದಳು.

“ಒಡೀತು,” ಎಂದಳು ಕ್ಯಾಮೆರಾಕ್ಕೆ, ತಲೆ ಎತ್ತಿಯೇ. “ಒಡೆದ್ರೆ ಏನಾಯ್ತು? ಹೊಸ ಬಟ್ಟಲು, ಹೊಸ ಹಳದಿ. ಒಡೆದಿದ್ದನ್ನ ಅದಕ್ಕೆ ಚಮಚ ಚಮಚವಾಗಿ ಸೇರಿಸ್ತಾ ಕಡೀಬೇಕು. ಅವಸರ ಮಾಡಿದ್ರೆ ಮತ್ತೆ ಕೆಟ್ಟಿತು ಅಂತ್ಲೇ ಲೆಕ್ಕ.”

ತೋಳು ಸೋತು ಬಂತು. ನಿರೂಪಕಿ ನೆರವಿಗೆ ಬಂದಳು, ಅಜ್ಜಿ ಮೊಣಕೈಯಿಂದ ತಡೆದಳು. ಹಣೆಯ ಬೆವರು ಮೂಗಿಗಿಳಿಯಿತು. ಕೊನೆಗೂ ಸಾಸ್ ಕೂಡಿಕೊಂಡಿತು, ಚಮಚ ನೆಟ್ಟರೆ ನಿಲ್ಲುವಷ್ಟು ಗಟ್ಟಿಯಾಗಿ. ಅಜ್ಜಿಗೆ ಕುಣಿಯಬೇಕೆನಿಸಿತು. ಬದಲಿಗೆ ವಿನೆಗರ್‌ನಲ್ಲಿ ನೆನೆದ ಎಳೆ ಸೌತೆಕಾಯಿ ಹೆಚ್ಚಿದಳು. ಈರುಳ್ಳಿಯನ್ನೂ ಒಂದಿಷ್ಟು ಹಸಿರು ಸೊಪ್ಪನ್ನೂ ಸಣ್ಣಗೆ ಕತ್ತರಿಸಿ ಎಲ್ಲ ಬೆರೆಸಿದಳು.

ನಿರೂಪಕಿ ಕರಿದ ಮೀನಿನ ತುಂಡನ್ನು ಅದರಲ್ಲಿ ಅದ್ದಿ ಬಾಯಿಗಿಟ್ಟಳು. ನುಂಗುವ ಮೊದಲೇ ಇನ್ನೊಂದು ತುಂಡಿಗೆ ಕೈ ಹಾಕಿದಳು.

“ಅಜ್ಜಿ, ನಿಜ ಹೇಳ್ತೀನಿ, ಸೀಸೇದಕ್ಕಿಂತ ಇದೇ ಚೆನ್ನಾಗಿದೆ!”

ಮ್ಯಾನೇಜರ್ ಅಷ್ಟರಲ್ಲಿ ಮುಂಬಾಗಿಲಿಂದ ಸುತ್ತಿ ಬಂದು ಗೋಡೆಗೊರಗಿದ್ದ. ಅವನ ಮುಖಕ್ಕೆ ಜೀವ ಬಂತು. ಹೆಬ್ಬೆರಳೆತ್ತಿ, ಇನ್ನು ನಕ್ಕುಬಿಡಿ ಎಂದು ಸನ್ನೆ ಮಾಡಿದ.

“ಒಡೆದಿದ್ದನ್ನ ಹಿಂಗೆ ಕೂಡಿಸ್ಬೇಕಂದ್ರೆ ಎಷ್ಟು ಅನುಭವ ಬೇಕು!” ನಿರೂಪಕಿ ಮೈಕನ್ನು ಅಜ್ಜಿಯ ಬಾಯಿಗೆ ಹಿಡಿದಳು. “ಹೇಳಿ ಅಜ್ಜಿ, ಎಷ್ಟು ವರ್ಷದಿಂದ ಮಾಡ್ತಿದೀರಿ?”

“ಹೋದ ಮಂಗಳವಾರದಿಂದ ಕಣಮ್ಮ,” ಎಂದಳು ಅಜ್ಜಿ, ನಗದೆ. “ಅದಕ್ಕೆ ಮುಂಚೆ ಒಂದು ಸಲಾನೂ ಮಾಡಿರ್ಲಿಲ್ಲ, ಸೀಸೆಗೆ ಮುಖ ಕೊಟ್ಟಿದ್ದೆ, ಅಷ್ಟೇ.”