ಗಾಳಿಯಣ್ಣ ಮನೆಗೆ ಬಂದ

ಕನ್ನಡಿಯ ಮುಂದೆ ಮಗಳು ತಲೆ ಬಾಚಿಕೊಳ್ಳುತ್ತಿದ್ದಳು. ಅವಳ ಎಡಗೈ ಬಲಗೈಗಿಂತ ಸೊರಗಿ ಬಿಳಿಚಿಕೊಂಡಿರುವುದು, ಆ ಬೆಳಿಗ್ಗೆಯಷ್ಟೇ ರಜೆಗೆ ಬಂದಿದ್ದ ಗಾಳಿಯಣ್ಣನ ಕಣ್ಣಿಗೆ ಬಿತ್ತು.

“ಕೈಗೇನಾಯ್ತು ಪುಟ್ಟಿ?”

“ಮುರಿದಿತ್ತು. ಈಗ ಸರಿಹೋಯ್ತು. ಪ್ಲಾಸ್ಟರ್ ಬಿಚ್ಚಿನೇ ವಾರ ಆಯ್ತು,” ಎಂದಳು, ಹಳೇ ಸುದ್ದಿ ಹೇಳುವವರ ಹಾಗೆ.

ಅವನು ಹೆಂಡತಿಯ ಮುಖ ನೋಡಿದ. ಅವಳು ಬಟ್ಟೆ ಮಡಚುವುದನ್ನು ನಿಲ್ಲಿಸಲಿಲ್ಲ. “ಸೈಕಲ್ಲಿಂದ ಬಿದ್ಲು. ನೀವಾಗ ಬೆಂಕಿ ಮಧ್ಯೆ ಇದ್ರಿ. ನಿಮ್ಮ ಮನಸ್ಸು ಇಲ್ಲಿಗೆ ಓಡಿಬಂದಿದ್ರೆ ಅಲ್ಲಿ ನಿಮ್ಮ ಗತಿ ಏನು? ಅದಕ್ಕೇ ಹೇಳ್ಲಿಲ್ಲ.” ಬೈಯಲು ಬಾಯಿ ತೆರೆದ. ಯಾರನ್ನು ಬೈಯುವುದೆಂದು ಹೊಳೆಯಲಿಲ್ಲ.

ಕಾಡಿಗೆ ಬಿದ್ದ ಬೆಂಕಿ ಆರಿಸುವ ದಳದಲ್ಲಿಯೇ ಅವನ ತಲೆ ನರೆತಿತ್ತು. ಗಾಳಿ ಯಾವಾಗ ಮಗ್ಗುಲು ಬದಲಿಸುತ್ತದೆಂದು ಮೂಗಿನಿಂದಲೇ ಹೇಳಬಲ್ಲವನೆಂದು ದಳದ ಹುಡುಗರು ಇಟ್ಟ ಹೆಸರು ಗಾಳಿಯಣ್ಣ. ಬೆಂಕಿಯ ದಾರಿಗೆ ಅಡ್ಡಲಾಗಿ ನೆಲ ಕೆರೆದು, ತರಗೆಲೆಯನ್ನೆಲ್ಲ ಬಳಿದು, ಮುಖ ಸುಡುವ ಝಳದಲ್ಲಿ ಕಾದು ನಿಂತಾಗ, ಅಷ್ಟೆತ್ತರದ ಜ್ವಾಲೆ ಆ ಬರಿನೆಲದ ಅಂಚಿಗೆ ಬಂದು ಮೆತ್ತಗಾಗುತ್ತದಲ್ಲ, ಆಗಿನ ಖುಷಿಯನ್ನು ಯಾರಿಗೂ ಹೇಳಿ ತಿಳಿಸಲಾಗದು. ಕೆಮ್ಮಾಗಲಿ ಬೆನ್ನುನೋವಾಗಲಿ ಅವನನ್ನು ಅಲ್ಲಿಂದ ಕದಲಿಸಿರಲಿಲ್ಲ.

ಮೊಬೈಲ್ ಬಡಿದುಕೊಂಡಿತು. ದಳದ ಸಾಹೇಬರು. “ರಜೆ ಸಾಕು ಗಾಳಿಯಣ್ಣ. ಗುಡ್ಡಕ್ಕೆ ಹತ್ತಿಕೊಂಡಿದೆ. ನೀನಿಲ್ದೆ ಹುಡುಗ್ರಿಗೆ ಕೈಕಾಲೇ ಆಡ್ತಿಲ್ಲ. ಜೀಪು ಕಳಿಸ್ತೀನಿ.”

‘ಬಂದೆ ಸಾರ್’ ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು; ಕೂತಲ್ಲಿಂದ ಎದ್ದೂ ಆಗಿತ್ತು. ತಿರುಗಿ ನೋಡಿದರೆ, ಮಡಚಿದ ಬಟ್ಟೆಯನ್ನು ಹೆಂಡತಿ ಅವನ ಚೀಲಕ್ಕೆ ತುಂಬುತ್ತಿದ್ದಾಳೆ. ಮಗಳು ಅವನ ಬೂಟುಗಳನ್ನು ಬಾಗಿಲ ಬಳಿ ಜೋಡಿಸಿಟ್ಟು ಬಾಟಲಿಗೆ ನೀರು ಹಿಡಿಯುತ್ತಿದ್ದಾಳೆ. ಯಾರ ಮುಖದಲ್ಲೂ ಬೇಸರವಿಲ್ಲ. ಬೇಸರ ಮಾಡಿಕೊಳ್ಳುವುದನ್ನು ಅವರು ಬಿಟ್ಟು ಯಾವ ಕಾಲವಾಯಿತೋ! ಎದ್ದವನು ಮತ್ತೆ ಕೂತ.

“ನಾನು ಬರಲ್ಲ ಸಾರ್.”

“ಸರಿ, ನಾಳೆ ಬಾ.”

“ನಾಳೆನೂ ಇಲ್ಲ. ಇನ್ನು ಬರೋದೇ ಇಲ್ಲ.”

“ಏನಾಯ್ತೋ ನಿಂಗೆ? ಕೆಲಸ ಬೇಜಾರಾಯ್ತಾ?”

“ಅಯ್ಯೋ, ಇಲ್ಲ ಸಾರ್,” ಎಂದ. ಫೋನಿಟ್ಟ.

ಕಿಟಕಿಯಲ್ಲಿ ಬಿಸಿಗಾಳಿ ಬೀಸುತ್ತಿತ್ತು. ಗುಡ್ಡದ ಮೇಲೆ ಹುಡುಗರು ಈಗ ಎತ್ತ ಸರಿದು ನಿಲ್ಲಬೇಕೆಂಬುದು ಅವನಿಗೆ ಗೊತ್ತಿತ್ತು. ಹೇಳೋಣವೆಂದರೆ ಪಕ್ಕದಲ್ಲಿ ದಳದವರು ಒಬ್ಬರೂ ಇರಲಿಲ್ಲ.

ಹೆಂಡತಿ ಅರ್ಧ ತುಂಬಿದ ಚೀಲ ಹಿಡಿದು ಹಾಗೇ ನಿಂತಿದ್ದಳು. ಮಗಳು ಅವಳ ತೋಳು ಜಗ್ಗಿ, ಅವನಿಗೆ ಕೇಳಿಸಬಾರದೆಂಬಂತೆ ತಗ್ಗಿದ ದನಿಯಲ್ಲಿ ಕೇಳಿದಳು:

“ಅಮ್ಮಾ, ಹಾಗಾದ್ರೆ ಅಪ್ಪ ಊಟಕ್ಕೆ ಇರ್ತಾರಾ?”